ಮೋರಿ

“ಇಪ್ಪತ್ತ್ ವರ್ಷ ನನ್ ಮೋರಿ ಕಂಡ್ರಿ. ಈಗ ಒಂದ್ ಗಳ್ಗಿ ನನ್ ಸ್ವರ ಕೇಣಿ.”

“ಮೋರಿ ಅಂದ್ರೆ?” ಶ್ರೀಯಾ ಕೇಳಿದಳು.

“ಡ್ರೈನ್ ಲಾ,” ಎಂದ ಕೌಶಲ್, ಅಲ್ಲಿಯ ಮಲಯ ಧಾಟಿಯಲ್ಲಿ. ಪೆಟಾಲಿಂಗ್ ಜಯಾದ ಆ ಬಾಡಿಗೆ ಸಭಾಂಗಣಕ್ಕೆ ತಾಲೀಮಿಗೆಂದು ಬಂದಿದ್ದವರೆಲ್ಲ ನಕ್ಕರು. ಶ್ರೀಯಾಳ ಮೊಬೈಲಿನಲ್ಲಿ ರೆಕಾರ್ಡ್ ಆಗುತ್ತಲೇ ಇತ್ತು.

ವೇದಿಕೆಯ ಮೇಲಿದ್ದ ಉಮಾನಾಥ ನಗಲಿಲ್ಲ. ಕುಂದಾಪುರದ ಕಡೆ ಮೋರಿ ಎಂದರೆ ಮುಖ, ಬೆಂಗಳೂರಿನವರಿಗೆ ಚರಂಡಿ. ಅದು ಅವನಿಗೆ ಗೊತ್ತಿಲ್ಲದ್ದಲ್ಲ. ಮಾತಿನ ಭರದಲ್ಲಿ ಮರೆತಿದ್ದ.

ಕನ್ನಡ ಸಂಘಕ್ಕೆ ಈ ವರ್ಷದ ನಾಟಕ ಬರೆದುಕೊಟ್ಟವರು ಡಾಕ್ಟರ್ ಮಧ್ವರಾಜರು. ಅದರ ನಾಯಕ ಆಲ್ಬಿನ್ ಕ್ರಾಟ್ಸ್ ಎಂಬ ಜರ್ಮನ್ ನಟ. ಊರೂರು ತಿರುಗುವ ನಾಟಕ ಕಂಪನಿಯಿಂದ ಮೂಕಿ ಸಿನಿಮಾಕ್ಕೆ ಬಂದು ಇಪ್ಪತ್ತು ವರ್ಷ ಮುಖದಲ್ಲೇ ಎಲ್ಲವನ್ನೂ ಹೇಳಿದವನು. ಸಿನಿಮಾಕ್ಕೆ ಮಾತು ಬಂದಾಗ ಅವನ ಹಳ್ಳಿಯ ಉಚ್ಚಾರ ಕೇಳಿ ಹೊರಗೆ ಕಳಿಸುತ್ತಾರೆ. ಆ ಕೊನೆಯ ದೃಶ್ಯವನ್ನು ನಿಮ್ಮೂರಿನ ಮಾತಿನಲ್ಲೇ ಹೇಳಿ ಎಂದಿದ್ದವರೂ ಮಧ್ವರಾಜರೇ. ಮೆಲಾಕಾದ ಮೆಡಿಕಲ್ ಕಾಲೇಜಿನಲ್ಲಿ ಅವರು ಪ್ರೊಫೆಸರ್, ಉಮಾನಾಥ ಅವರ ಲ್ಯಾಬಿನ ಟೆಕ್ನಿಷಿಯನ್. ಇಪ್ಪತ್ತೆರಡಕ್ಕೆ ಬಣ್ಣ ಹಚ್ಚುವುದನ್ನು ಬಿಟ್ಟವನಿಗೆ ಐವತ್ತೊಂದಕ್ಕೆ ಸಿಕ್ಕ ಪಾತ್ರವಿದು. ಈ ಒಂದು ಮಾತಿಗೆ ಜನ ಸುಮ್ಮನಾಗಬೇಕು, ಅಷ್ಟೇ ಅವನ ಆಸೆ.

ಅಲ್ಲಿ ಮುಖ ಎಂದೇ ಹೇಳುತ್ತೇನೆ ಎಂದು ಕೇಳಿಕೊಂಡ.

“ಬೇಡ ಮಾರಾಯ್ರೆ,” ಎಂದರು ಮಧ್ವರಾಜರು. “ಇಡೀ ನಾಟಕ ಬರೀ ಗೋಳು. ಜನಕ್ಕೆ ಒಂದು ಕಡೆಯಾದ್ರೂ ನಗು ಬೇಡ್ವಾ? ಅದಿರ್ಲಿ.”

ಆಯ್ತು ಸಾರ್ ಎಂದ. ಮೆಲಾಕಾದ ಮನೆಗೆ ಬಂದು ಹೆಂಡತಿ ಗುಲಾಬಿಗೆ ಹೇಳಿದ. ಅವಳೂ ಅದೇ ಸೀಮೆಯವಳು.

“ಅದ್ರಲ್ ನೆಗಾಡುಕೆ ಎಂತ ಇತ್?” ಎಂದಳು. ಯಾರಿಗೂ ಹೇಳದೆ ವೇದಿಕೆಯ ಮೇಲೆ ಮುಖ ಎಂದುಬಿಡುವುದೆಂದು ಇಬ್ಬರೂ ನಿಶ್ಚಯಿಸಿದರು.

ಭಾನುವಾರ ಮಧ್ಯಾಹ್ನ ಕುರ್ಚಿಗಳು ತುಂಬಿದ್ದವು. ಕೊನೆಯ ದೃಶ್ಯದವರೆಗೆ ಜನ ಶಾಂತವಾಗಿಯೇ ನೋಡಿದರು. ಉಮಾನಾಥ ಟೋಪಿ ತೆಗೆದು ಎದೆಗೆ ಹಿಡಿದುಕೊಂಡು ಮುಂದೆ ಬಂದ.

“ಇಪ್ಪತ್ತ್ ವರ್ಷ ನನ್ ಮುಖ...”

“ಮೋರಿ!” ಹಿಂದಿನ ಸಾಲಿನಿಂದ ಒಂದು ಮಗು ತಿದ್ದಿತು.

“ಅಂಕಲ್, ಮೋರಿ ಲಾ,” ಎಂದಿತು ಇನ್ನೊಂದು.

ಶ್ರೀಯಾಳ ವಿಡಿಯೊ ವಾರದ ಹಿಂದೆಯೇ ಸಂಘದವರ ಮೊಬೈಲುಗಳನ್ನೆಲ್ಲ ಸುತ್ತಿತ್ತು. ಆ ಮಾತನ್ನು ಕೇಳಲೆಂದೇ ಬಂದವರಿದ್ದರು. ನಗು ಸಾಲಿನಿಂದ ಸಾಲಿಗೆ ಹಬ್ಬಿತು. ಪರದೆಯ ಮರೆಯಲ್ಲಿ ನಿಂತಿದ್ದ ಮಧ್ವರಾಜರು ಹೆಬ್ಬೆರಳೆತ್ತಿ ತೋರಿಸಿದರು.

ಉಮಾನಾಥ ನಗು ತಗ್ಗಲೆಂದು ಕಾದ. ಮತ್ತೆ ಮೊದಲಿನಿಂದ ಶುರುಮಾಡಿದ. ಇಪ್ಪತ್ತು ವರ್ಷ ಎಂಬಷ್ಟಕ್ಕೇ ಚಪ್ಪಾಳೆ ಬಿತ್ತು. ಅವನು ನಿಲ್ಲಿಸಲಿಲ್ಲ, ಹೇಳುತ್ತಲೇ ಹೋದ.

ಮೂರನೆಯ ಸಾಲಿನಲ್ಲಿದ್ದ ಗುಲಾಬಿ ಆ ಗದ್ದಲದಲ್ಲಿ ಒಂದು ಮಾತೂ ಕೇಳಿಸದೆ ಮುಂದಕ್ಕೆ ಬಾಗಿದಳು. ನಿಮ್ಮವರು ಸೂಪರ್ ಎಂದು ಪಕ್ಕದವಳು ಕಣ್ಣೊರೆಸಿಕೊಳ್ಳುತ್ತಾ ಅವಳ ತೋಳು ಹಿಡಿದಳು. ಗುಲಾಬಿ ವೇದಿಕೆಯಿಂದ ಕಣ್ಣು ತೆಗೆಯಲಿಲ್ಲ. ಅವನ ತುಟಿಗಳು ಒಂದು ಗಳಿಗೆ ತಡೆದು, ಆಮೇಲೆ ಸ್ವರ ಎಂಬಲ್ಲಿ ದುಂಡಗಾದವು.