ಛತ್ರಿ ಅಂಗಡಿಯ ಆರು ಸೆಕೆಂಡು

ಅಜ್ಜಿಯ ಕತೆಗಳಲ್ಲಿ ರಾಕ್ಷಸನ ಪ್ರಾಣ ಏಳು ಸಮುದ್ರದಾಚೆಯ ಗಿಣಿಯೊಳಗೆ ಇರುತ್ತಿತ್ತು. ಮೊಮ್ಮಗಳು ಸಂಕಲಿಸುತ್ತಿದ್ದ ಸಾಕ್ಷ್ಯಚಿತ್ರದ ಪ್ರಾಣ ಆರು ಸೆಕೆಂಡಿನ ಮೌನದೊಳಗೆ ಸಿಕ್ಕಿಕೊಂಡಿತ್ತು.

ಐದು ವರ್ಷ ಬೇರೆಯವರ ಕೈಕೆಳಗೆ ದುಡಿದವಳಿಗೆ 'ಸಂಕಲನ' ಎಂಬ ಪದದ ಮುಂದೆ ತನ್ನ ಹೆಸರು ಕಾಣುವ ಯೋಗ ಈಗಷ್ಟೇ ಬಂದಿತ್ತು. ಚಿತ್ರ, ಛತ್ರಿ ರಿಪೇರಿ ಮಾಡುವ ಇಬ್ಬರು ಮುದುಕಿಯರದು, ಅಕ್ಕತಂಗಿಯರದು. ಅದರ ಕೊನೆಗೆ ಅಕ್ಕ ಹೇಳುತ್ತಾಳೆ: "ಅಪ್ಪ ಹೋದ ಮಾರನೇ ದಿನಾನೂ ಅಂಗಡಿ ತೆಗೆದ್ವಿ." ಸುಮ್ಮನಾಗುತ್ತಾಳೆ. ಆಮೇಲೆ, "ಒಬ್ಬಳು ಅಳ್ತಾ ಇದ್ರೆ ಇನ್ನೊಬ್ಬಳು ಹೊಲೀತಿದ್ಲು."

ಸುಮ್ಮನಾದ ಆ ಆರು ಸೆಕೆಂಡಿನ ನಟ್ಟನಡುವೆ ಯಾವನೋ ಪುಣ್ಯಾತ್ಮ ಬೀದಿಯಲ್ಲಿ ಪೀಂ ಎಂದು ಹಾರ್ನ್ ಬಾರಿಸಿದ್ದ. ಹಾರ್ನ್ ತೆಗೆದರೆ ಅಲ್ಲೊಂದು ತೂತು, ಕೇಳುವವರಿಗೆ ಕಿವಿ ಗಪ್ಪೆಂದು ಮುಚ್ಚಿಹೋದಂತೆ. ಅದಕ್ಕೆ ತೇಪೆ ಹಾಕಲು ಅದೇ ಅಂಗಡಿಯ ಮೌನವೇ, ಅದರೊಳಗಿನ ಸಣ್ಣ ಗುಂಯ್ ಸಮೇತ, ಬೇಕು. ಚಿತ್ರೀಕರಣದ ದಿನ ಧ್ವನಿ ಮುದ್ರಿಸುವವನು ಅದೊಂದನ್ನು ಹಿಡಿಯಲು ಮರೆತಿದ್ದ.

"ನಾಲ್ಕಕ್ಕೆ ಪ್ರದರ್ಶನ. ಅಷ್ಟರೊಳಗೆ ಸರಿಹೋಗಲಿಲ್ಲ ಅಂದ್ರೆ ಆ ಮಾತನ್ನೇ ಎತ್ತಿ ಬಿಸಾಕ್ತೀನಿ," ಎಂದರು ಹಿರಿಯ ಸಂಕಲನಕಾರರು. ಬೆನ್ನ ಹಿಂದೆ ಎಲ್ಲರಿಗೂ ಅವರು ಕತ್ತರಿ ಮಾವ.

"ಅದು ಹೋದ್ರೆ ಚಿತ್ರದಲ್ಲಿ ಬರೀ ಛತ್ರಿ ಉಳಿಯುತ್ತೆ ಸಾರ್!"

"ಮತ್ತೆ? ಛತ್ರಿ ಅಂಗಡೀಲಿ ಆನೆ ಇರುತ್ತೇನಮ್ಮ?"

ಅವಳು ರೆಕಾರ್ಡರ್ ಎದೆಗವಚಿಕೊಂಡು ಓಡಿದಳು. ಅಂಗಡಿಯ ಸೂರಿನಿಂದ ತಲೆಕೆಳಗಾಗಿ ತೂಗುತ್ತಿದ್ದ ಛತ್ರಿಗಳ ಕೆಳಗೆ ಏದುಸಿರು ಬಿಡುತ್ತಾ ಕೂತಳು.

"ಅಜ್ಜಿ, ಇಬ್ರೂ ಅರ್ಧ ನಿಮಿಷ ಮಾತಾಡದೆ ಇದ್ದುಬಿಡಿ. ಅಷ್ಟೇ."

"ಮೊದ್ಲು ಇವಳಿಗೆ ಹೇಳು," ಎಂದಳು ಅಕ್ಕ.

"ನಂಗಾ? ನಿದ್ದೇಲೂ ವಟಗುಟ್ಟೋಳು ಯಾರೇ?" ಎಂದಳು ತಂಗಿ.

ಮೊದಲ ಸಲ ಮೂರನೇ ಸೆಕೆಂಡಿಗೆ ತಂಗಿಯ ಮೂಗಿನಿಂದ ಪುಸ್ಸೆಂದು ನಗು ಸೋರಿತು. ಎರಡನೇ ಸಲ ಅಕ್ಕ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು, ಹೊಟ್ಟೆ ಮಾತ್ರ ಕುಣಿಯಿತು. ಮೂರನೇ ಸಲ ನಕ್ಕವಳು ರೆಕಾರ್ಡರ್ ಹಿಡಿದವಳೇ! ಮೂವರೂ ಒಬ್ಬರ ಮೇಲೊಬ್ಬರು ಒರಗಿ, ಕಣ್ಣೀರು ಒರೆಸಿಕೊಂಡು, ಮುಖ ಗಂಟುಹಾಕಿ ಮತ್ತೆ ಕೂತರು. ಗಡಿಯಾರದಲ್ಲಿ ಎರಡೂವರೆ. ಒಂಬತ್ತನೇ ಸಲ... ನಾಲ್ಕು, ಐದು, ಆರು, ಏಳು. ಉಸಿರು ಬಿಗಿಹಿಡಿದ, ಮೇಣದ ಬಟ್ಟೆಯ ಕಮಟು ಕೂಡ ಕೇಳಿಸುವಂಥ ಮೌನ. ಎಂಟಕ್ಕೆ ಸೂರು ಹಾರಿಹೋಗುವಂಥ ನಗು.

"ಸಾಕು, ಸಾಕು!" ಎಂದು ಕೂಗಿ ಅವಳು ಚಪ್ಪಲಿ ಅದಲು ಬದಲು ಮೆಟ್ಟಿಕೊಂಡೇ ಸಂಕಲನದ ಕೋಣೆಗೆ ಹಾರಿದಳು. ಆರು ಸೆಕೆಂಡನ್ನು ತೂತಿಗಿಟ್ಟಳು, ಹೊಲಿಗೆಯೇ ಕಾಣಲಿಲ್ಲ. ಉಳಿದ ನಗುವನ್ನು ಅಳಿಸಲು ಬೆರಳೆತ್ತಿದವಳು, ಬೆರಳನ್ನು ಗಾಳಿಯಲ್ಲೇ ನಿಲ್ಲಿಸಿದಳು.

ನಾಲ್ಕು ಗಂಟೆ. ಕತ್ತಲೆಯ ಸಭಾಂಗಣದಲ್ಲಿ, ಪರದೆಯ ಮೇಲಿನ ಅಕ್ಕನ ಮಾತು ಮುಗಿಯಿತು, ಯಾರೋ ಮೂಗೊರೆಸಿಕೊಂಡರು. ಪರದೆ ಕಪ್ಪಾಯಿತು. ಆ ಕಪ್ಪಿನೊಳಗಿಂದ ಇಬ್ಬರು ಮುದುಕಿಯರ ನಗು ಸಿಡಿಯಿತು. ಮುಂದಿನ ಸಾಲಿನಲ್ಲಿ ಕತ್ತರಿ ಮಾವನ ಬೋಳುತಲೆ ನಗುವಿಗೆ ಗಡಗಡ ಅಲುಗತೊಡಗಿತು.

"ಮೊದ್ಲು ನಕ್ಕಿದ್ದು ನೀನೇ," ಎಂದು ಚಿತ್ರ ನೋಡಲು ಬಂದು ಅವಳ ಎಡಗಡೆ ಕೂತಿದ್ದ ತಂಗಿ ಅಕ್ಕನಿಗೆ ಚುಚ್ಚಿದಳು.

"ಕಿವಿ ಕೇಳ್ಸಲ್ವೇನೇ? ಅದು ನಿನ್ನ ನಗು!" ಎಂದು ಬಲಗಡೆಯಿಂದ ಅಕ್ಕ ಅವಳ ಮಡಿಲ ಮೇಲೆ ಬಾಗಿದಳು.

ಪರದೆಯ ಮೇಲೆ ಅವಳ ಹೆಸರು ಬಂತು, ಹೋಯಿತು. ಇಬ್ಬರ ತಲೆಗಳ ನಡುವೆ ಸಿಕ್ಕಿಕೊಂಡು ನಗುತ್ತಿದ್ದವಳಿಗೆ ಅದು ಕಾಣಲೇ ಇಲ್ಲ.