ಅಮ್ಮನ ಬಾಯಲ್ಲಿ ‘ನೀವು’

ಮೈಕಿಗೆ ಯಾರದೋ ಲಿಪ್‌ಸ್ಟಿಕ್ ಅಂಟಿದೆ, ಒರೆಸಲೋ ಬೇಡವೋ, ಎದುರಿಗೆ ನರ್ಸಿಂಗ್ ಹುಡುಗಿಯರ ಬಿಳಿ ಬೂಟುಗಳ ಸಾಲು, ಕೊನೆಯಲ್ಲಿ ಅಮ್ಮ, ಬ್ಯಾಗನ್ನು ಮಡಿಲಲ್ಲಿ ಅವುಚಿಕೊಂಡು ಬಸ್ಸಿಗೆ ಕಾಯುವವಳ ಹಾಗೆ ಕೂತಿದ್ದಾಳೆ — ಬರುವುದಿಲ್ಲ ಅಂದಿದ್ದವಳು ಬಂದಿದ್ದಾಳೆ, ಯಾವ ಮಾತಿಗೆ ಎದ್ದು ಹೋಗುತ್ತಾಳೋ. ನನ್ನೊಳಗೆ ಪುಟ್ಟಿ ಅಮ್ಮಾ ಅಮ್ಮಾ ಅಂತ ಕುಣಿಯುತ್ತಿದ್ದಾಳೆ, ಸುಮ್ನಿರೇ ಅನ್ನುತ್ತಾಳೆ ಜೋರಿನವಳು, ಅವಳಿಗೆ ಅಮ್ಮನನ್ನು ಕಂಡರಾಗದು. ಈ ಒಂದು ಮೈಯಲ್ಲಿ ನಾವು ಮೂವರಿದ್ದೇವೆ, ಎಂದು ಶುರು ಮಾಡುತ್ತೇನೆ, ಕನ್ನಡಕದ ಅಂಗಡಿಯಲ್ಲಿ ಫ್ರೇಮಿಗೆ ಗಾಜು ಕೂರಿಸುವವಳು ನಾನು, ಗಿರಾಕಿ ರೇಗಿದರೆ ಮುಂದೆ ಬರುವವಳು ಜೋರಿನವಳು, ಪುಟ್ಟಿಗೆ ಆರು ವರ್ಷ, ಮನೆಪಾಠದ ಮೇಷ್ಟರು ಬಾಗಿಲು ಹಾಕಿಕೊಂಡ ಮೇಲೆ ಅವಳು ಬೆಳೆಯಲೇ ಇಲ್ಲ, ಅಷ್ಟನ್ನೆಲ್ಲ ಒಬ್ಬಳೇ ಹೊರಲಾರದೆ ಆ ಮಗುವಿನ ಮನಸ್ಸು ಪಾಲಾಯಿತು — ಅಮ್ಮ ಬ್ಯಾಗಿನ ಜಿಪ್ಪು ಎಳೆಯುತ್ತಾಳೆ, ಹೊರಟಳೇ, ಇಲ್ಲ, ಕರ್ಚೀಫು. ಅಲ್ಲಿಗೆ ಕಳಿಸಿದವಳು ಅಮ್ಮನೇ, ನಾಲ್ಕು ಲೆಕ್ಕ ಬರಲಿ ಅಂತ, ಪಾಪ, ಅವಳಿಗೇನು ಗೊತ್ತಿತ್ತು, ಡಾಕ್ಟರು ಕಾಯಿಲೆಯ ಹೆಸರು ಹೇಳಿದ ದಿನ ಎಲ್ಲ ನಾಟಕ ಅಂದಳು, ನಿನ್ನೊಬ್ಳನ್ನ ಸಾಕಿದ್ದೇ ಸಾಕಾಗಿದೆ ನಂಗೆ ಅಂದಳು, ನಮ್ಮನ್ನು ಒಪ್ಪಿಕೊಂಡರೆ ಆ ಬಾಗಿಲನ್ನೂ ಒಪ್ಪಿಕೊಳ್ಳಬೇಕಲ್ಲ.

ಒಬ್ಬ ಹುಡುಗಿ ಕೈ ಎತ್ತುತ್ತಾಳೆ, ಮೇಡಂ, ನಾವು ನಾವು ಅಂತೀರಲ್ಲ, ಅಂದ್ರೆ ನಿಮ್ಮ ಸಂಸ್ಥೆಯವರಾ, ಸಭೆಯೆಲ್ಲ ನಗು, ನನಗೂ ನಗು, ಸಂಸ್ಥೆ ಅಂದ್ರೂ ತಪ್ಪಿಲ್ಲ ಬಿಡಮ್ಮ, ಮೀಟಿಂಗು ಜಗಳ ಎಲ್ಲ ಇದೆ. ಇನ್ನೊಬ್ಬಳಿಗೆ ಸಿನಿಮಾದ ಭಯ, ನಿಮ್ಮಲ್ಲಿ ಯಾರಾದ್ರೂ ಚಾಕು ಹಿಡೀತಾರಾ, ಹಿಡೀತೀವಿ, ಈರುಳ್ಳಿ ಹೆಚ್ಚೋಕೆ. ನಮ್ಮಂಥವರು ವಾರ್ಡಿಗೆ ಬಂದರೆ ಹೆದರಬೇಡಿ, ಈಗ ಯಾರ ಹತ್ರ ಮಾತಾಡ್ತಿದೀನಿ ಅಂತ ಮೆತ್ತಗೆ ಕೇಳಿ, ಅಷ್ಟು ಸಾಕು, ಎನ್ನುತ್ತೇನೆ, ಚಪ್ಪಾಳೆ, ತಲೆ ಎತ್ತಿದರೆ ಅಮ್ಮನ ಕುರ್ಚಿ ಖಾಲಿ.

ಹೋದಳು, ಹೋಗಲಿ, ನಾನ್ ಹೇಳ್ಲಿಲ್ವಾ ಅನ್ನುತ್ತಾಳೆ ಜೋರಿನವಳು, ಪುಟ್ಟಿ ಅಳುತ್ತಾಳೆ, ಕಾರಿಡಾರಿನ ತುಂಬ ಫಿನಾಯಿಲ್ ವಾಸನೆ, ಕ್ಯಾಂಟೀನಿನ ಬಾಗಿಲಲ್ಲಿ — ಅಮ್ಮ. ನೀವು ಏನ್ ತಗೋತೀರಿ, ಅನ್ನುತ್ತಾಳೆ. ನೀವು, ಅಮ್ಮ ನನಗೆ ನೀವು ಅನ್ನುವುದು ಸಿಟ್ಟು ನೆತ್ತಿಗೇರಿದಾಗ ಮಾತ್ರ, ಹೌದ್ರೀ, ದೊಡ್ಡೋರು ನೀವು, ಎಂದು ಕುಟುಕುವಾಗ, ಜೋರಿನವಳು ಆಗಲೇ ತೋಳೇರಿಸಿದ್ದಾಳೆ, ಸಿಟ್ಟು ಬಂತಾಮ್ಮಾ, ಎಂದೆ. ಸಿಟ್ಟಲ್ಲ ಕಣೆ, ಅಂದಳು ಮುಖ ನೋಡದೆ, ಎಷ್ಟು ಜನ ಇದೀರೋ ಅಷ್ಟೂ ಜನಾನ ಕೇಳ್ದೆ. ಸುಡುಗಾಡು ಲೆಕ್ಕ, ಬರದೇ ಇದ್ದಿದ್ರೆ ಏನಾಗ್ತಿತ್ತು, ಅಂದಳು. ಆಮೇಲೆ ತೀರ ಮೆತ್ತಗೆ, ಆ ಚಿಕ್ಕೋಳು ಟೀ ಮುಟ್ಟಲ್ಲ ಅಲ್ವಾ, ಅಂದಳು. ಜೋರಿನವಳು ತೋಳು ಇಳಿಸಿದಳು, ಪುಟ್ಟಿ ಬರ್ಲಾ ಬರ್ಲಾ ಅನ್ನುತ್ತಾಳೆ, ಬಾರೇ, ಅಂದೆ, ಅಮ್ಮ ಹಾಲಿನ ಲೋಟ ತಂದು ಎದುರಿಗೆ ಕೂತಳು, ಕೈಗೆ ಕೊಡಲಿಲ್ಲ, ಬಿಸಿ ಇದೆ, ತಡಿ ಪುಟ್ಟಿ, ಅಂದಳು, ತುಟಿ ಮುಂದೆ ಮಾಡಿ ಊದುತ್ತಿದ್ದಾಳೆ, ಕೆನೆ ಆಚೆ ದಡಕ್ಕೆ ಸರಿಯುತ್ತಿದೆ, ಮತ್ತೆ ಊದುತ್ತಿದ್ದಾಳೆ, ಕೆನೆ, ಅಮ್ಮ ಊದುತ್ತಿದ್ದಾಳೆ