ಮಂದೆಯ ಆಚೆ ನಿಂತವನು

ಅಂದು ಕರಿಯಕ್ಕ ಕೋಳಿ ಕೂಗುತ್ತಲೇ ಊರು ಬಿಟ್ಟಳು. ಚಳ್ಳಕೆರೆಗೆ ಮುನ್ಸೀಫರು ಬರುವ ದಿನ. ಅವಳ ಅರ್ಜಿಯ ವಿಚಾರಣೆಗೆ ಅಂದೇ ವಾಯಿದೆ. ಗಂಡ ಹೋದ ಮೇಲೆ ಮೈದುನ ಉಗ್ರಪ್ಪ, ಬಾವಿ ತಾನೊಬ್ಬನೇ ತೋಡಿದ್ದೆಂದು ಅವಳ ಪಾಲಿನ ನೀರು ನಿಲ್ಲಿಸಿದ್ದ. ನೀರಿಲ್ಲದಿದ್ದರೆ ಅವಳ ಹೊಲ ಬರೀ ನೆಲ.

ಉಗ್ರಪ್ಪನೂ ಅದೇ ದಾರಿಯಲ್ಲಿ ಒಂದು ಕೂಗಳತೆ ಮುಂದೆ ನಡೆದಿದ್ದ. ಇಬ್ಬರ ನಡುವೆ ಮಾತು ನಿಂತು ವರ್ಷವಾಗಿತ್ತು.

ಹಳ್ಳದ ಹತ್ತಿರ ಗಂಟೆಗಳ ಸದ್ದು. ಜಾಲಿಮರಗಳ ಸಂದಿನಿಂದ ದೇವರ ದನಗಳ ಮಂದೆ ಇಳಿದು ಬಂದು ಇಬ್ಬರ ನಡುವೆ ದಾರಿ ತುಂಬಿತು. ನೊಗ ಕಾಣದ, ಹಾಲು ಕರೆಯದ, ದೇವರ ಹೆಸರಿಗೇ ಬಿಟ್ಟ ದನಗಳು. ಆ ಮಂದೆಯನ್ನು ಸೀಳಿಕೊಂಡು ಹೋಗಬಾರದು, ಕಡೆಯ ಕರು ದಾಟುವ ತನಕ ಅದಕ್ಕೆ ಬೆನ್ನು ಮಾಡಬಾರದು ಎಂದು ತವರಿನ ಮುದ್ದಕ್ಕಜ್ಜಿ ಅವಳ ಚಿಕ್ಕಂದಿನಲ್ಲೇ ಹೇಳಿದ್ದಳು. ಕರಿಯಕ್ಕ ಕೆರ ಕಳಚಿ ಕೈಮುಗಿದು ನಿಂತಳು.

ದನಗಳು ದಾಟಲಿಲ್ಲ. ದಾರಿಯ ಮೇಲೇ ಮಲಗಿ ಮೆಲುಕು ಹಾಕತೊಡಗಿದವು. ಅವನ್ನು ಕಾಯುವ ಕಿಲಾರಿ ಮಾರಯ್ಯ ಕೋಲು ಎತ್ತದೆ ತಾನೂ ಕುಕ್ಕರಿಸಿದ. ಬಿಸಿಲೇರಿತು. ಬಿಳಿ ಬೆನ್ನುಗಳು ಹೊಳೆದವು. ನೆಲದೊಳಗಿಂದ ಕೊಂಬಿನ ಕಾಡೊಂದು ಎದ್ದು ಉಸಿರಾಡುತ್ತಿರುವಂತೆ ಕಂಡು ಅವಳ ಮೈ ಜುಮ್ಮೆಂದಿತು.

ಆಗ ಆಚೆ ನೋಡಿದಳು. ಉಗ್ರಪ್ಪ ಚಳ್ಳಕೆರೆಯ ಕಡೆಗಿದ್ದ, ಅವನ ದಾರಿ ತೆರೆದೇ ಇತ್ತು. ಅವನೊಬ್ಬನೇ ಹೋಗಿ ಕೋರ್ಟಿನಲ್ಲಿ ನಿಂತಿದ್ದರೆ ಸಾಕಿತ್ತು, ಅವಳ ಅರ್ಜಿ ಬಿದ್ದುಹೋಗುತ್ತಿತ್ತು. ಆದರೂ ರುಮಾಲು ಕೈಯಲ್ಲಿ ಹಿಡಿದು, ಮಂದೆಗೆ ಮುಖ ಮಾಡಿ, ಬರಿಗಾಲಲ್ಲಿ ನಿಂತಿದ್ದ.

ಮಂದೆ ತಾನಾಗಿ ಎದ್ದು ದಾಟಿ, ಇಬ್ಬರೂ ಕೋರ್ಟು ಮುಟ್ಟಿದಾಗ ಹೊತ್ತು ವಾಲಿತ್ತು.

"ಮೂರು ಸಲ ಕೂಗ್ದೆ ಕಣವ್ವ," ಅಂದ ಜವಾನ. "ಬೇವಿನ ಮರದ ಕಾಗೆ ಬಿಟ್ರೆ ಯಾರೂ ಓಗೊಡಲಿಲ್ಲ. ಅರ್ಜಿ ವಜಾ ಆತು."

ಬಾರದ್ದಕ್ಕೆ ತಕ್ಕ ಕಾರಣವೂ ಸಾಕ್ಷಿಯೂ ಇದ್ದರೆ ಮತ್ತೆ ಎತ್ತಿಕೊಳ್ಳುತ್ತಾರೆಂದು ಹೇಳಿ ಅಲ್ಲಿದ್ದ ವಕೀಲರೊಬ್ಬರು ಅವಳನ್ನು ಮುನ್ಸೀಫರ ಮುಂದೆ ನಿಲ್ಲಿಸಿದರು. ಅವಳು ನಡೆದದ್ದನ್ನು ಹೇಳಿದಳು. ಹಾಗಾದರೆ ದನಗಳನ್ನೇ ಸಾಕ್ಷಿಗೆ ಕರೆಸಲೇ ಎಂದು ಮುನ್ಸೀಫರು ನಕ್ಕರು. ಕಿಲಾರಿ ಮಂದೆ ಬಿಟ್ಟು ಬರುವವನಲ್ಲ.

"ನಾನು ಕಂಡಿದೀನಿ ಸ್ವಾಮಿ," ಅಂದ ಉಗ್ರಪ್ಪ ಬಾಗಿಲಿಂದ. "ಅತ್ಗೆ ಈಚೆ ನಿಂತಿದ್ರು, ನಾನು ಆಚೆ."

"ಅರ್ಜಿ ನಿನ್ನ ಮೇಲೇ ಇರೋದು, ಗೊತ್ತೇನಯ್ಯ?"

"ಗೊತ್ತೈತೆ. ದೇವರ ಮಂದೆ ಮುಂದೆ ನಿಂತೋರ್ನ ನಿಂತಿರಲಿಲ್ಲ ಅನ್ನೋಕೆ ನಾಲಿಗೆ ಏಳಲ್ಲ."

ಮುನ್ಸೀಫರ ನಗು ಇಳಿಯಿತು. ಅರ್ಜಿಯನ್ನು ಮತ್ತೆ ಎತ್ತಿಕೊಳ್ಳುವಂತೆ ಬರೆಸಿ, ಲೇಖನಿ ಕೆಳಗಿಟ್ಟರು. ಬಾವಿ ತೋಡಿದ್ದು ಯಾರು, ಅದನ್ನೂ ಹೇಳಿಬಿಡು ಎಂದರು.

ಉಗ್ರಪ್ಪ ತಲೆ ತಗ್ಗಿಸಿ ತನ್ನ ಕಾಲು ನೋಡಿಕೊಂಡ. ಕರಿಯಕ್ಕನೂ ನೋಡಿದಳು. ಹೊರಗೆ ತೊಟ್ಟಿ ತುಂಬ ನೀರಿದ್ದರೂ ಅವನು ಕಾಲು ತೊಳೆದಿರಲಿಲ್ಲ. ಮಂದೆ ಎದ್ದು ಹೋಗುವಾಗ ಎಬ್ಬಿಸಿದ ಕೆಂಧೂಳು ಮೊಣಕಾಲ ತನಕ ಹಾಗೇ ಇತ್ತು.

"ಅಣ್ಣ ಒಳಗಿಳಿದು ಅಗೀತಿದ್ದ ಸ್ವಾಮಿ," ಅಂದ ಮೆಲ್ಲಗೆ. "ನಾನು ಮ್ಯಾಲೆ ನಿಂತು ಮಣ್ಣು ಎಳೀತಿದ್ದೆ."